ಮಗ್ಗ ನಿಂತ ಮಧ್ಯಾಹ್ನ

ಹನ್ನೆರಡೂ ಹತ್ತಕ್ಕೆ ಪಕ್ಕದ ಮನೆಯ ನೇಕಾರ ಮಾವನ ಮಗ್ಗ ನಿಂತಿತು. ಸೇಲಂನ ನಮ್ಮ ಕನ್ನಡ ನೇಕಾರರ ಬೀದಿಯಲ್ಲಿ ಹಗಲು ಮಗ್ಗ ನಿಲ್ಲುವುದು ಸಾವಾದರೆ ಮಾತ್ರ. ನಾನು ಓಡಿಹೋದೆ.

“ನನ್ನ ಯಾವನ್ಲಾ ಯಾಮಾರ್ಸ್ತಾನೆ?” ಎಂದು ದಿನವೂ ಮೀಸೆ ತಿರುವುತ್ತಿದ್ದ ಮಾವ, ಇಸ್ತ್ರಿ ಅಂಗಿ ತೊಟ್ಟು ಫೋನಿನ ಮುಂದೆ ಕೈಕಟ್ಟಿ ಕೂತಿದ್ದರು. ಪರದೆಯೊಳಗಿನ ಪೊಲೀಸಪ್ಪ ಅವರನ್ನು ‘ಡಿಜಿಟಲ್ ಅರೆಸ್ಟ್’ ಮಾಡಿ, ಉಳಿತಾಯವನ್ನೆಲ್ಲ ಕಳಿಸು ಎಂದು ಗದರುತ್ತಿದ್ದ. ಪದವೀಧರ ನಾನೂ ನಂಬಿ, ಬಾಗಿಲಲ್ಲೇ ಕೈಕಟ್ಟಿ ನಿಂತೆ.

ಅಷ್ಟರಲ್ಲಿ ಬೀದಿಯ ಹೆಂಗಸರು ಹಾರದ ಸಮೇತ ನುಗ್ಗಿದರು. “ಅಯ್ಯೋ, ಓಗ್ಬುಟ್ಯಾ ಅಣ್ಣೋ!”

“ಸುಮ್ನಿರ್ರಮ್ಮಾ, ಸಾರ್ ಲೈನಲ್ಲವ್ರೆ!” ಎಂದರು ಮಾವ.

ಗೋಳು ಕೇಳಿ ಸಾರ್ ಪರದೆಯಿಂದ ಮಾಯವಾದರು; ದುಡ್ಡು ಉಳಿಯಿತು.

ಸೈಬರ್ ಠಾಣೆಯಲ್ಲಿ ದೂರು ಕೊಟ್ಟೆವು. ಆಮೇಲೂ ರಾತ್ರಿ ಫೋನ್ ಗುಂಯ್ ಎಂದರೆ ನಾನು ಎದ್ದು ಕೂರುತ್ತಿದ್ದೆ. ಬೆಳಗಿನವರೆಗೆ ನಿದ್ದೆ ಬಂದದ್ದು, ಗೋಡೆಯಾಚೆ ಮಗ್ಗದ ಸದ್ದಿನ ನಡುವೆ ಮಾವ ಮತ್ತೆ “ನನ್ನ ಯಾವನ್ಲಾ ಯಾಮಾರ್ಸ್ತಾನೆ?” ಎಂದ ದಿನ.