ಮುತ್ಲಖ್ ಹಚ್ಚಿದ ಎರಡನೆಯ ಹೊಗೆ

ಬೆಳಕು ಹರಿಯುವ ಮೊದಲೇ ಮುತ್ಲಖ್ ಬಯಲಿಗೆ ಇಳಿದಿದ್ದಾನೆ. ಎಂಟು ನೂರು ಹೆಜ್ಜೆಯ ನೆಲ. ಬರಿಗಾಲಲ್ಲೇ ನಡೆಯುತ್ತಾನೆ; ಕಣ್ಣಿಗೆ ತಪ್ಪಿದ ಕಲ್ಲು ಕಾಲಿಗೆ ಸಿಗುತ್ತದೆ. ಒಂಟೆ ತುಳಿದ ಗುಂಡಿ ಮುಚ್ಚುತ್ತಾನೆ, ಮುಳ್ಳುಕಂಟಿ ಕೀಳುತ್ತಾನೆ, ಮಾಸಿದ ಸುಣ್ಣದ ವೃತ್ತವನ್ನು ಮತ್ತೆ ಬಳಿಯುತ್ತಾನೆ. ಕೊನೆಗೆ, ಗಾಳಿ ಎತ್ತ ಬೀಸುತ್ತಿದೆಯೆಂದು ಮೇಲೆ ಹಾರುವವರಿಗೆ ತಿಳಿಯಲಿ ಎಂದು ಹಸಿ ಕಂಟಿಗೆ ಬೆಂಕಿ ಇಡುತ್ತಾನೆ.

ಬಗ್ದಾದಿನ ವಿಮಾನ ವಾರಕ್ಕೆರಡು ಸಲ ಪೆಟ್ರೋಲಿಗಾಗಿ ಇಲ್ಲಿ, ಉಮ್ಮ್ ತಲ್ಹದ ಬಾವಿಯ ಪಕ್ಕ, ಇಳಿಯುತ್ತದೆ. ಇಳಿದ ದೊಡ್ಡವರ ಚಿತ್ರ ಪತ್ರಿಕೆಗಳಲ್ಲಿ ಬರುತ್ತದೆ. ಹನ್ನೊಂದು ವರ್ಷದಿಂದ ನೆಲ ಹಸನು ಮಾಡಿದವನ ಹೆಸರು ಯಾರಿಗೆ ಬೇಕು, ಬಿಡಿ!

"ಗುಡಾರದ ಮುಂದೆ ಒಂದು ಕಡ್ಡಿ ಎತ್ತಲ್ಲ ಈ ಮನುಷ್ಯ. ವಿಮಾನಕ್ಕಾದ್ರೆ ಮರುಭೂಮೀನೇ ಗುಡಿಸ್ತಾನೆ," ಎಂದು ಹೆಂಡತಿ ವದ್ಹಾ ಕೆಣಕುತ್ತಾಳೆ. ಮುತ್ಲಖ್ ನಗುವುದಿಲ್ಲ. ಹೋದ ಚಳಿಗಾಲದಿಂದ ಅವನ ನಗು ಕಂಡವರಿಲ್ಲ.

ಇಲ್ಲಿಯ ಕಟ್ಟಳೆ ಸರಳ: ಒಂದು ಹೊಗೆ ಎಂದರೆ ಇಳಿಯಬಹುದು, ಎರಡು ಎಂದರೆ ಕೂಡದು. "ಅತಿಥಿ ದೂರದಲ್ಲಿ ಕಂಡ ಕೂಡ್ಲೇ ಕಾಫಿಗೆ ಒಲೆ ಹಚ್ಚೋದು ನಮ್ಮ ಪದ್ಧತಿ. ಬಂದು ಕೂತ ಮೇಲೆ ಹಚ್ಚಿದ್ರೆ ಮರ್ಯಾದೆ ಉಳಿಯುತ್ತಾ, ನೀವೇ ಹೇಳಿ," ಎನ್ನುತ್ತಾನೆ ಮುತ್ಲಖ್. ಹೋದ ಚಳಿಗಾಲದಲ್ಲಿ ಒಂದು ದಿನ ಮಳೆ ಬಂದು ಸೌದೆ ನೆನೆದಿತ್ತು. ವಿಮಾನ ಕಂಡು ಹಚ್ಚಿದ ಕಾಫಿಯ ಒಲೆಯಿಂದಲೂ ಹೊಗೆ ದಟ್ಟವಾಗಿ ಎದ್ದಿತು. ಎರಡು ಹೊಗೆ ಕಂಡ ಪೈಲಟ್ ಹಾರ್ಟ್ಲಿ ಮರಳಿ ಮೇಲೇರಿದ. ಪೆಟ್ರೋಲ್ ಮುಗಿದು ಮೂವತ್ತು ಮೈಲಿಯಾಚೆ ಕಲ್ಲುಹಳ್ಳದಲ್ಲಿ ಬಿದ್ದ. ಜೀವ ಉಳಿಯಿತು, ಬಲಗಾಲು ಹೋಯಿತು.

"ಕೈ ಬೀಸಿ ಕೂಗ್ದೆ, ಓಡಿ ಹೋಗಿ ಒಲೆ ಒದ್ದೆ. ಅಷ್ಟರಲ್ಲಿ ಹೋಗೇ ಬಿಟ್ಟಿದ್ದ. ಬಾಗಿಲಿಗೆ ಬಂದವನನ್ನ ನಾನೇ ಅಟ್ಟಿದೆ," ಎಂದವನು ಮುಖ ಆಚೆ ತಿರುಗಿಸುತ್ತಾನೆ.

ಆಸ್ಪತ್ರೆಯಿಂದ ಹಾರ್ಟ್ಲಿ ಬರೆಸಿದ ಕಾಗದವನ್ನು ಪೆಟ್ರೋಲ್ ಗುಮಾಸ್ತ ಓದಿ ಹೇಳಿದ್ದಾನೆ: ತಪ್ಪು ನಿನ್ನದಲ್ಲ, ಚಿಂತಿಸಬೇಡ. ಅಯ್ಯೋ, ಅದೇ ಅವನನ್ನು ಸುಡುತ್ತಿರುವುದು.

ಮುಂದಿನ ತಿಂಗಳು ನದಿ ದಂಡೆಯಲ್ಲಿ ಕಾಂಕ್ರೀಟಿನ ಹೊಸ ನಿಲ್ದಾಣ ತೆರೆಯುತ್ತದೆ. ಆಮೇಲೆ ವಿಮಾನ ಇತ್ತ ಸುಳಿಯುವುದಿಲ್ಲ. ಅಲ್ಲಿ ಕೆಲಸ ಕೇಳುವೆಯಾ ಎಂದರೆ ಬೇಡವೆಂದು ತಲೆಯಾಡಿಸುತ್ತಾನೆ.

"ನನಗೆ ಬೇಕಾದ್ದು ಒಂದೇ. ಆ ಹಾರ್ಟ್ಲಿ ಒಂದು ಸಲ ಇಲ್ಲಿಗೆ ಬರಲಿ, ಒಂಟೆ ಮೇಲಾದ್ರೂ ಸರಿ. ಎದುರಿಗೆ ನಿಂತು ಬಾಯಿತುಂಬ ಬೈಯಲಿ. ಬೈದು ಮುಗಿಸೋವರೆಗೂ ನಾನು ಕಾಫಿಗೆ ಒಲೆ ಹಚ್ಚಲ್ಲ."