ನಾನು ಕತ್ತರಿಸಿದ ಮೂರು ಸಾಲು

ಮಧ್ಯಾಹ್ನ ಎರಡು ಗಂಟೆಗೆ ನಾನು ಲೈಬ್ರರಿಯಿಂದ ಬಂದು ಬಾಗಿಲು ತೆರೆದಾಗ, ಮನೆಯೊಡತಿ ವೈಜಯಂತಿ ಕಾಕು ಸೆರಗನ್ನು ಸೊಂಟಕ್ಕೆ ಸಿಕ್ಕಿಸಿಕೊಂಡು ಒಬ್ಬ ವಿದೇಶಿ ಹುಡುಗಿಯ ಮೇಲೆ ಬಟಾಟೆ ಎಸೆಯುತ್ತಿದ್ದರು. ಹುಡುಗಿ ನನ್ನ ಕೋಣೆಯ ಬಾಗಿಲ ಚೌಕಟ್ಟಿನಲ್ಲಿ ಮೊಣಕಾಲು ಬಾಗಿಸಿ, ಕೈ ಹರಡಿ ನಿಂತಿದ್ದಳು. ಎಡಕ್ಕೆ ಹೋದದ್ದನ್ನು ಕೈಯಲ್ಲಿ ಹಿಡಿದಳು. ಕೆಳಗೆ ಬಂದದ್ದನ್ನು ಪಾದದ ಬದಿಯಿಂದ ತಡೆದಳು. ಒಂದೂ ಬಟಾಟೆ ಕೋಣೆಯೊಳಗೆ ಹೋಗಲಿಲ್ಲ.

“ನಿಂದರು ಸುಮಾ, ಇನ್ನೂ ಎರಡ ಉಳದಾವ,” ಎಂದರು ಕಾಕು, ನನ್ನತ್ತ ತಿರುಗದೆ.

ಇದರಲ್ಲಿನ ವಿಚಿತ್ರ ತಿಳಿಯಬೇಕಾದರೆ ಎರಡು ಸಂಗತಿ ಹೇಳಬೇಕು. ಪುಣೆಯಲ್ಲಿ ಮಧ್ಯಾಹ್ನ ಒಂದರಿಂದ ನಾಲ್ಕರವರೆಗೆ ಅಂಗಡಿಗಳು ಮುಚ್ಚಿರುತ್ತವೆ, ಮನೆಗಳು ಮಲಗಿರುತ್ತವೆ. ಈ ನಿದ್ದೆಗೆ ಇಲ್ಲಿ ವಾಮಕುಕ್ಷಿ ಎಂಬ ಗಂಭೀರ ಹೆಸರಿದೆ. ಒಂದು ವರ್ಷದಿಂದ ಆ ಹೊತ್ತಿನಲ್ಲಿ ನಾನು ನಲ್ಲಿ ತಿರುಗಿಸಲೂ ಹೆದರುತ್ತಿದ್ದೆ. ಎರಡನೆಯದು, ಗದಗಿನ ಕಾಲೇಜಿನ ಹಾಕಿ ತಂಡಕ್ಕೆ ಮೂರು ವರ್ಷ ನಾನೇ ಗೋಲ್‌ಕೀಪರ್ ಆಗಿದ್ದೆ. ಬಂದ ವಾರವೇ ಅದನ್ನು ಕಾಕುಗೆ ಹೇಳಿದ್ದೆ. “ಹೌದೇನ,” ಎಂದು ಅವರು ಬೇಳೆ ಆರಿಸುವುದನ್ನು ಮುಂದುವರಿಸಿದ್ದರು.

ನಾನು ಪುಣೆಗೆ ಬಂದದ್ದು 1998ರ ಮಳೆಗಾಲದಲ್ಲಿ, ಒಂದು ಇಂಗ್ಲಿಷ್ ದಿನಪತ್ರಿಕೆಯ ಕ್ರೀಡಾಪುಟಕ್ಕೆ ಉಪಸಂಪಾದಕಿಯಾಗಿ. ಅದೇ ವಾರ ರಾಜ್ಯಮಟ್ಟದ ಹಾಕಿ ಶಿಬಿರಕ್ಕೆ ಬರಬೇಕೆಂಬ ಪತ್ರವೂ ಗದಗಿಗೆ ಬಂದಿತ್ತು. ಮನೆಯಲ್ಲಿ ಯಾರೂ ನನ್ನನ್ನು ತಡೆಯಲಿಲ್ಲ. “ನಿನಗ ಯಾವದ ಬೇಕೋ ಅದನ್ನ ಮಾಡು,” ಎಂದರು ಅಪ್ಪ. ನಾನು ನೌಕರಿ ಆರಿಸಿಕೊಂಡೆ. ಪ್ಯಾಡು, ಹೆಲ್ಮೆಟ್ಟು ಬೆಟಗೇರಿಯ ಒಬ್ಬ ಹುಡುಗಿಗೆ ಕೊಟ್ಟು ಬಸ್ಸು ಹತ್ತಿದೆ. ಇದನ್ನು ಮೊದಲೇ ದಾಖಲಿಸುತ್ತಿದ್ದೇನೆ, ಏಕೆಂದರೆ ಮುಂದಿನದೆಲ್ಲ ಇಲ್ಲಿಂದ ಹುಟ್ಟಿದ್ದು.

ಕೋಥರೂಡದ ಆ ಮನೆ ಸಿಕ್ಕಾಗ ನಾನು ಗೆದ್ದೆ ಎಂದುಕೊಂಡಿದ್ದೆ. ಕಾಕು ಮೂಲತಃ ಅಥಣಿಯವರು. ಮೂವತ್ತು ವರ್ಷದಿಂದ ಪುಣೆಯಲ್ಲಿದ್ದರೂ ಹೊಸ್ತಿಲೊಳಗೆ ಕನ್ನಡ, ಹೊಸ್ತಿಲ ಹೊರಗೆ ಮರಾಠಿ. ಊರು ಬಿಟ್ಟು ಬಂದವಳಿಗೆ ಭಾಷೆ ಬಲ್ಲ ಮನೆಯೇ ಸಿಕ್ಕಿತಲ್ಲ ಎಂಬ ಸಮಾಧಾನ. ಆದರೆ ಆ ಮನೆಯ ಮಗಳಾಗುವ ಸ್ಥಾನಕ್ಕೆ ಬಂದವಳು ನಾನಲ್ಲ, ಒಂದು ವರ್ಷದ ನಂತರ ಇರಾನಿನ ಅಹ್ವಾಜ್‌ನಿಂದ ಓದಲು ಬಂದು ನನ್ನ ಕೋಣೆಯ ಎರಡನೇ ಮಂಚ ಹಿಡಿದ ನಾಹೀದ್, ಅದೇ ಬಟಾಟೆ ತಡೆದ ಹುಡುಗಿ.

ನಾನು ಕಲಿತ ಮರಾಠಿಯಲ್ಲಿ ತಪ್ಪಿರಲಿಲ್ಲ. ಆದರೂ ತರಕಾರಿಯವಳು ನನಗೆ ಹಿಂದಿಯಲ್ಲಿ ಉತ್ತರ ಕೊಡುತ್ತಿದ್ದಳು. ನಾಹೀದ್‌ಳ ಮರಾಠಿಯಲ್ಲಿ ಎತ್ತು, ಎಮ್ಮೆ, ಮಾವ ಎಲ್ಲ ಒಂದೇ ಲಿಂಗ. ಅವಳ ಚೀಲಕ್ಕೆ ಕೇಳದೆಯೇ ಒಂದು ಹಿಡಿ ಕೊತ್ತಂಬರಿ ಬೀಳುತ್ತಿತ್ತು. ನಾನು ಅನ್ನದ ತಳ ಹಿಡಿಸಿದರೆ ಕಾಕು, “ಮನಿ ಅನ್ನೂದು ಆಫೀಸಲ್ಲವಾ, ಒಲಿ ಮುಂದ ನಿಲ್ಲಬೇಕು,” ಎನ್ನುತ್ತಿದ್ದರು. ನಾಹೀದ್ ಬೇಕೆಂದೇ ತಳ ಹಿಡಿಸುತ್ತಿದ್ದಳು. ಆ ಕೆಂಪು ಹಪ್ಪಳದಂಥ ಪದರಕ್ಕೆ ಅವರಲ್ಲಿ ತಹ್‌ದೀಗ್ ಎನ್ನುತ್ತಾರೆ, ಅತಿಥಿಗೆ ಮೊದಲು ಬಡಿಸುತ್ತಾರೆ. ಕಾಕು ಅದನ್ನು ಮಜ್ಜಿಗೆಯಲ್ಲಿ ನೆನೆಸಿ ತಿಂದು, “ಭಾಳ ಛಲೋ ಆಗ್ಯಾದ,” ಎಂದರು. ನಾನು ಎದುರಿಗೇ ಕುಳಿತಿದ್ದೆ.

ಒಮ್ಮೆ ಕೇಳಿಯೇಬಿಟ್ಟೆ. “ಕಾಕು, ನಾ ಬಂದಾಗ ನೀವು ನನಗ ಒಂದ ದಿನಾನೂ ಹಿಂಗ ಮಾಡಲಿಲ್ಲಲ್ರಿ.”

“ನೀ ನಮ್ಮಾಕಿ. ನಿನಗೇನ ಉಪಚಾರ ಮಾಡೂದು? ಅಕಿ ಪಾಪ, ಸಮುದ್ರ ದಾಟಿ ಬಂದಾಳ.”

ಗದಗಿನಿಂದ ಪುಣೆಗೆ ಬರಲು ನನಗೆ ಸಮುದ್ರ ಸಿಕ್ಕಿರಲಿಲ್ಲ. ಅದೇ ನನ್ನ ತಪ್ಪು.

ನಾಹೀದ್ ಆಡುತ್ತಿದ್ದದ್ದು ಫುಟ್ಸಾಲ್. ಸೂರಿನಡಿ, ಗಟ್ಟಿ ನೆಲದ ಮೇಲೆ, ಒಂದೊಂದು ಕಡೆ ಐವರಂತೆ ಆಡುವ ಫುಟ್‌ಬಾಲು. ಚೆಂಡು ಚಿಕ್ಕದು, ಗೋಲು ಚಿಕ್ಕದು, ದೂರ ಇನ್ನೂ ಚಿಕ್ಕದು, ಹಾಗಾಗಿ ಗೋಲ್‌ಕೀಪರಿಗೆ ಯೋಚಿಸಲು ವೇಳೆಯಿಲ್ಲ. ಅವರ ಭಾಷೆಯಲ್ಲಿ ಗೋಲ್‌ಕೀಪರ್ ಎಂದರೆ ದರ್ವಾಜೇಬಾನ್, ಬಾಗಿಲು ಕಾಯುವವಳು. ಅವರ ಊರಲ್ಲಿ ಆಗ ಹೆಂಗಸರ ಆಟ ನಡೆಯುತ್ತಿದ್ದದ್ದು ಮುಚ್ಚಿದ ಸಭಾಂಗಣದಲ್ಲಿ, ಗಂಡಸರಿಗೆ ಪ್ರವೇಶವಿಲ್ಲ, ಕ್ಯಾಮೆರಾ ಇಲ್ಲ. ಅವಳ ಅಪ್ಪನೇ ಅವಳ ಆಟ ನೋಡಿರಲಿಲ್ಲ. ಹೊರಗೆ ರಸ್ತೆಯಲ್ಲಿ ಕಾರು ನಿಲ್ಲಿಸಿ ಕಾಯುತ್ತಿದ್ದರು, ಅವಳು ಬಂದು ಸ್ಕೋರು ಹೇಳುತ್ತಿದ್ದಳು.

ಪುಣೆಯಲ್ಲಿ ಇಳಿದ ದಿನ ಅವಳಿಗೆ ನಗು ಬಂದಿತ್ತಂತೆ. ವಿಮಾನದಲ್ಲಿ ತಲೆವಸ್ತ್ರ ಬಿಚ್ಚಿ ಚೀಲಕ್ಕೆ ಹಾಕಿದ್ದಳು. ಇಲ್ಲಿ ನೋಡಿದರೆ ಸ್ಕೂಟರಿನ ಮೇಲೆ ಹುಡುಗಿಯರೆಲ್ಲ ಧೂಳಿಗೆಂದು ಓಢಣಿಯಿಂದ ಇಡೀ ಮುಖ ಸುತ್ತಿಕೊಂಡು, ಬರೀ ಕಣ್ಣು ಬಿಟ್ಟುಕೊಂಡು ಹೋಗುತ್ತಿದ್ದಾರೆ. “ಅಮ್ಮನಿಗೆ ಬರೆದೆ, ಇಲ್ಲಿಯವರು ನಮಗಿಂತ ಕಟ್ಟುನಿಟ್ಟು ಅಂತ,” ಎಂದಳು. ನಾನು ನಕ್ಕೆ. ಅವಳೊಂದಿಗೆ ನಗುವುದು ಸುಲಭವಿತ್ತು. ಹೊಟ್ಟೆಕಿಚ್ಚಿನಲ್ಲಿ ಇದೊಂದು ತೊಡಕು.

ನನ್ನ ಕೆಲಸ ಮಧ್ಯಾಹ್ನ ಮೂರಕ್ಕೆ ಶುರು. ಹಾಗಾಗಿ ಬೆಳಿಗ್ಗೆ ಆರಕ್ಕೆ ಅವಳ ಕಾಲೇಜಿನ ಬಾಸ್ಕೆಟ್‌ಬಾಲ್ ಅಂಕಣದಲ್ಲಿ ನಾನು ಅವಳಿಗೆ ಚೆಂಡು ಒದೆಯುತ್ತಿದ್ದೆ. ಮೂರನೇ ವಾರ ಅವಳ ಒಂದು ದೋಷ ಕಂಡಿತು. ಹಾರುವ ಮುಂಚೆ ಎಡಗಾಲು ಅರ್ಧ ಗೇಣು ಸರಿಯುತ್ತಿತ್ತು, ಎದುರಾಳಿಗೆ ದಿಕ್ಕು ಗೊತ್ತಾಗಿಬಿಡುತ್ತಿತ್ತು. ಅದೇ ದೋಷ ನನಗೂ ಇತ್ತು. ಬಿಡಿಸಿಕೊಳ್ಳಲು ನನಗೆ ಒಂದು ಇಡೀ ವರ್ಷ ಹಿಡಿದಿತ್ತು. ಅವಳಿಗೆ ಹೇಳಿದೆ. ಎಂಟು ದಿನದಲ್ಲಿ ಸರಿಪಡಿಸಿಕೊಂಡಳು. ತಡೆಯುವವರು ಅಷ್ಟು ಜನ ಇದ್ದೂ ಅವಳು ಆಟ ಬಿಟ್ಟಿರಲಿಲ್ಲ. ನನ್ನನ್ನು ಯಾರೂ ತಡೆದಿರಲಿಲ್ಲ, ನಾನು ಬಿಟ್ಟಿದ್ದೆ.

2001ರಲ್ಲಿ ಕಾಲೇಜುಗಳ ನಡುವೆ ಐವರ ಆಟದ ಪಂದ್ಯಾವಳಿ ನಡೆಯಿತು, ಒಂದು ಶಾಲೆಯ ಸಭಾಂಗಣದಲ್ಲಿ. ಫೈನಲ್ಲಿನ ಬೆಳಿಗ್ಗೆ ನಾಹೀದ್ ನನ್ನ ಮಂಚದ ತುದಿಯಲ್ಲಿ ಕುಳಿತು ಹೇಳಿದಳು: “ನಿಮ್ಮ ಪೇಪರಿನವರು ಫೋಟೊ ತೆಗೆದರೆ ಅಚ್ಚು ಹಾಕಬೇಡ. ಬರಿತಲೆಯಲ್ಲಿ, ಗಂಡಸರ ಮುಂದೆ ಆಡಿದ್ದು ಅಲ್ಲಿ ಯಾರಿಗಾದರೂ ತೋರಿದರೆ ನನ್ನನ್ನು ಎಂದೂ ರಾಷ್ಟ್ರೀಯ ಶಿಬಿರಕ್ಕೆ ಕರೆಯುವುದಿಲ್ಲ. ಹೆಸರು ಬರಲಿ. ಹೆಸರು ಬಂದರೆ ಅಮ್ಮನಿಗೆ ಕಳಿಸುತ್ತೇನೆ.”

ಅವಳ ಕಾಲೇಜು ಒಂದು ಗೋಲಿನಿಂದ ಗೆದ್ದಿತು. ಸಂಜೆ ನನ್ನ ಮೇಜಿಗೆ ಫೋಟೊ ಮತ್ತು ವರದಿ ಎರಡೂ ಬಂದವು. ಫೋಟೊದಲ್ಲಿ ನಾಹೀದ್ ನೆಲಕ್ಕೆ ಸಮಾನಾಂತರವಾಗಿ ಗಾಳಿಯಲ್ಲಿದ್ದಳು, ಕೂದಲು ಹಿಂದಕ್ಕೆ ಹಾರಿತ್ತು, ಬೆರಳ ತುದಿಯಲ್ಲಿ ಚೆಂಡು. ನಾನು ಆ ವರ್ಷ ನೋಡಿದ ಅತ್ಯುತ್ತಮ ಕ್ರೀಡಾ ಚಿತ್ರ ಅದು. ಪಕ್ಕಕ್ಕಿಟ್ಟೆ. ಇದು ಸರಿಯಾದ ಕೆಲಸ.

ಪುಟದಲ್ಲಿದ್ದ ಜಾಗಕ್ಕಿಂತ ವರದಿ ಮೂರು ಸಾಲು ಹೆಚ್ಚಾಗಿತ್ತು. ಕತ್ತರಿಸಬಹುದಾದ ಜಾಗ ಎರಡಿದ್ದವು. ಒಂದು, ಮುಖ್ಯ ಅತಿಥಿಗಳು ಬಹುಮಾನ ವಿತರಿಸಿ ಕ್ರೀಡೆಯಿಂದ ಶಿಸ್ತು ಬರುತ್ತದೆ ಎಂದರು ಎಂಬ ಮೂರು ಸಾಲು. ಇನ್ನೊಂದು, ಗೋಲ್‌ಕೀಪರ್ ಬಗ್ಗೆ ವರದಿಗಾರ ಬರೆದ ಮೂರು ಸಾಲು. ಯಾವ ಹೊಸ ಉಪಸಂಪಾದಕನಿಗೂ ಯಾವುದು ಹೋಗಬೇಕೆಂದು ಗೊತ್ತಿರುತ್ತದೆ. ನಾನು ಎರಡನೆಯದನ್ನು ಕತ್ತರಿಸಿದೆ. ಗೋಲು ಹೊಡೆದವರ ಹೆಸರು ಉಳಿದವು, ಮುಖ್ಯ ಅತಿಥಿಯೂ ಉಳಿದರು.

ಮರುದಿನ ನಾಹೀದ್ ಪೇಪರು ಬಿಡಿಸಿ ಮೊದಲು ಚಿತ್ರ ಹುಡುಕಿದಳು. ಇಲ್ಲದ್ದು ಕಂಡು ಉಸಿರು ಬಿಟ್ಟಳು. ಕಾಕು ಕನ್ನಡಕ ಹಾಕಿಕೊಂಡು ಅವಳ ಹೆಗಲ ಮೇಲಿಂದ ಬಗ್ಗಿ ನೋಡಿದರು.

“ಎಲ್ಲಾರ ಹೆಸರೂ ಅದಾವ. ಇಕೀದ ಯಾಕಿಲ್ಲ?”

ನಾನು ಬಾಯಿ ತೆರೆಯುವ ಮುಂಚೆ ನಾಹೀದ್ ತನ್ನ ಮರಾಠಿಯಲ್ಲಿ ಉತ್ತರಿಸಿದಳು, ಹೆಸರೂ ಅಪಾಯವೇ, ತನಗೆ ಹೊಳೆದಿರಲಿಲ್ಲ, ಸುಮಾಗೆ ಹೊಳೆಯಿತು ಎಂದು. ಆಮೇಲೆ ನನ್ನನ್ನು ಅಪ್ಪಿಕೊಂಡಳು. ಕಾಕು ನನ್ನನ್ನು ಒಂದು ಗಳಿಗೆ ನೋಡಿ ಚಹಾ ಇಡಲು ಹೋದರು. ನಾನು ಆ ಕೃತಜ್ಞತೆಯನ್ನು ಇಟ್ಟುಕೊಂಡೆ.

ಓದು ಮುಗಿಸಿ ಅವಳು 2002ರಲ್ಲಿ ಅಹ್ವಾಜ್‌ಗೆ ಹೋದಳು. ಕೋಣೆ ಮತ್ತೆ ನನ್ನದಾಯಿತು. ಕಾಕು ನನಗೆ ತಹ್‌ದೀಗ್ ಮಾಡಲು ಬರುತ್ತದೆಯೇ ಎಂದು ಕೇಳಿದರು.

ಮರುವರ್ಷ ಚಳಿಗಾಲದಲ್ಲಿ ನಾಹೀದ್‌ಳ ಪತ್ರ ಬಂತು. ರಾಷ್ಟ್ರೀಯ ಶಿಬಿರಕ್ಕೆ ಮೂವರು ಗೋಲ್‌ಕೀಪರುಗಳನ್ನು ಕರೆಯುತ್ತಾರೆ, ಇಬ್ಬರು ಗೊತ್ತಾಗಿದ್ದಾರೆ. ಮೂರನೆಯವಳು ನಾನೋ, ಟೆಹ್ರಾನಿನ ಇನ್ನೊಬ್ಬಳೋ. ಮೂರು ವರ್ಷ ಎಲ್ಲಿದ್ದೆ, ಆಡಿದ್ದಕ್ಕೆ ಕಾಗದ ತೋರಿಸು ಎನ್ನುತ್ತಿದ್ದಾರೆ. ಫೋಟೊ ಆಗುವುದಿಲ್ಲ, ಬರೀ ಹೆಸರಿಗೆ ಈಗ ಭಯವಿಲ್ಲ. ನಿಮ್ಮ ಪತ್ರಿಕೆಯ ಬೇರೆ ಯಾವುದಾದರೂ ದಿನದ ವರದಿಯಲ್ಲಿ ನನ್ನ ಹೆಸರಿದ್ದರೆ ಕಳಿಸು, ಮಾರ್ಚಿನಲ್ಲಿ ಬರುವ ನಮ್ಮ ಹೊಸವರ್ಷಕ್ಕೆ ಮುಂಚೆ.

ಕಡತಗಳ ಕೋಣೆಗೆ ಹೋಗಿ ಎರಡು ದಿನ ಹುಡುಕಿದೆ. ಬೇರೆ ಯಾವ ದಿನವೂ ಇರಲಿಲ್ಲ. ಇದ್ದದ್ದು ಅದೊಂದೇ ವರದಿ. ಅದರಲ್ಲಿ ಒಬ್ಬ ಮುಖ್ಯ ಅತಿಥಿ ಇದ್ದರು. ಪತ್ರಿಕೆಯಲ್ಲಿ ತಪ್ಪು ಬಂದರೆ ಮರುದಿನ ತಿದ್ದುಪಡಿ ಹಾಕುತ್ತೇವೆ. ಬಾರದೆ ಹೋದದ್ದಕ್ಕೆ ತಿದ್ದುಪಡಿ ಹಾಕುವ ಪದ್ಧತಿ ಇಲ್ಲ.

ಮನೆಗೆ ಬಂದು ಕಾಕುಗೆ ಎಲ್ಲ ಹೇಳಿದೆ. ಅವರು ಮೆಂತ್ಯ ಸೊಪ್ಪು ಬಿಡಿಸುತ್ತಿದ್ದರು.

“ನನಗ ಅವತ್ತ ಗೊತ್ತಾಗಿತ್ತು,” ಎಂದರು. “ನಿನ್ನ ಮಾರಿ ನೋಡಿದ್ದೆ.”

“ಮತ್ತ ಯಾಕ ಸುಮ್ಮನಿದ್ರಿ?”

“ನೀ ನಮ್ಮಾಕಿ ಅಲ್ಲೇನ. ನಿನ್ನ ಮಾನ ನಾನ ಕಳೀಬೇಕಾಗಿತ್ತೇನು?” ಸೊಪ್ಪಿನ ಇನ್ನೊಂದು ಕಟ್ಟು ಬಿಚ್ಚುತ್ತ ಹೇಳಿದರು: “ಆದರ ಅಕಿ ಮುಂದ ಈಗ ನೀನ ಹೇಳಬೇಕು. ಪೋಸ್ಟ್ ಆಫೀಸು ನಾಲ್ಕಕ್ಕ ಮುಚ್ಚತದ.”

ವರದಿಯ ನಕಲು ತೆಗೆದು, ಅದಕ್ಕೆ ನನ್ನ ಪತ್ರ ಲಗತ್ತಿಸಿದೆ. ಇಂಗ್ಲಿಷಿನಲ್ಲಿ, ಒಂದೇ ಪುಟ. ಈ ಪಂದ್ಯದ ಗೋಲ್‌ಕೀಪರ್ ನಾಹೀದ್. ವರದಿಗಾರ ಅವಳ ಬಗ್ಗೆ ಮೂರು ಸಾಲು ಬರೆದಿದ್ದ, ಕತ್ತರಿಸಿದವಳು ನಾನು. ಸ್ಥಳದ ಅಭಾವ ಕಾರಣವಲ್ಲ. ನಾನು ಸ್ವತಃ ಗೋಲ್‌ಕೀಪರ್ ಆಗಿದ್ದೆ, ಅವಳು ನನಗಿಂತ ಉತ್ತಮ ಎಂಬುದನ್ನು ಸಹಿಸಲಾಗಲಿಲ್ಲ. ಕೆಳಗೆ ಸಹಿ, ಹುದ್ದೆ. ಲಕೋಟೆ ಕೌಂಟರಿನಾಚೆ ಹೋದ ಮೇಲೆ ವಾಪಸು ಕೇಳಬೇಕೆನ್ನಿಸಿತು. ಕೇಳಲಿಲ್ಲ.

ಉತ್ತರ ಬರಲು ನಾಲ್ಕು ತಿಂಗಳಾಯಿತು. ನನ್ನ ತಪ್ಪಿನ ಬಗ್ಗೆ ಅದರಲ್ಲಿ ಒಂದೇ ವಾಕ್ಯವಿತ್ತು: “ನಿನ್ನ ಪತ್ರ ಮೊದಲು ನಾನೊಬ್ಬಳೇ ಓದಿದೆ, ಎರಡು ದಿನ ನಿನಗೆ ಬೈದೆ.” ಆಮೇಲೆ ಅದನ್ನು ತರಬೇತುದಾರಳ ಮುಂದಿಟ್ಟಳಂತೆ. ಇಂಗ್ಲಿಷ್ ಬಲ್ಲವರಿಂದ ಗಟ್ಟಿಯಾಗಿ ಓದಿಸಿದ ಆ ಹೆಂಗಸು ನಕ್ಕು ಹೇಳಿದಳಂತೆ: “ಹೊಗಳಿಕೆಯ ಕಾಗದ ಎಲ್ಲರೂ ತರುತ್ತಾರೆ. ಇನ್ನೊಬ್ಬ ಗೋಲ್‌ಕೀಪರ್ ಹೊಟ್ಟೆ ಉರಿದು ಬರೆದುಕೊಟ್ಟದ್ದನ್ನು ಇದೇ ಮೊದಲು ನೋಡುತ್ತಿದ್ದೇನೆ. ನಾಳೆ ಕೈಗವಸು ತಗೊಂಡು ಬಾ.” ಮರುದಿನ ಎರಡು ಗಂಟೆ ಚೆಂಡು ಒದ್ದು ನೋಡಿ ಅವಳನ್ನು ಮೂರನೆಯವಳಾಗಿ ತೆಗೆದುಕೊಂಡರು.

ಕಾಕುಗೆ ಓದಿ ಹೇಳಿದೆ. “ಅಂದ್ರ ನಿನ್ನ ಹೊಟ್ಟಿಕಿಚ್ಚೂ ಉಪಯೋಗಕ್ಕ ಬಂತು,” ಎಂದರು. ನನಗೆ ಸಂತೋಷವಾಯಿತು. ಆ ಸಂತೋಷದ ಅಡಿಯಲ್ಲಿ ಹಳೆಯ ಹೊಟ್ಟೆಕಿಚ್ಚು ಹಾಗೇ ಇತ್ತು.

ಎರಡು ವರ್ಷ ಅವಳು ಬೆಂಚಿನ ಮೇಲೆ ಕುಳಿತಳು, ಆಮೇಲೆ ಮೊದಲ ಗೋಲ್‌ಕೀಪರ್ ಆದಳು. ಒಂದು ದಿನ ಇಮೇಲಿನಲ್ಲಿ ಚಿತ್ರ ಬಂತು. ಹೊರದೇಶದ ಸಭಾಂಗಣ, ತಲೆ ಮುಚ್ಚಿದ ಬಟ್ಟೆ, ಉದ್ದ ತೋಳಿನ ಅಂಗಿ, ಕೈಗವಸು. ಗ್ಯಾಲರಿಯಲ್ಲಿ ಅಪ್ಪ ಕುಳಿತಿದ್ದಾರೆ ಎಂದು ಬರೆದಿದ್ದಳು. ನಾನು ಮೊದಲು ನೋಡಿದ್ದು ಅವಳ ಎಡಗಾಲು. ಒಂದಿಷ್ಟೂ ಸರಿದಿರಲಿಲ್ಲ.

ಅಹ್ವಾಜ್‌ನಲ್ಲಿ ಅವಳನ್ನು ಈಗ ‘ಹಿಂದಿ’, ಅಂದರೆ ಭಾರತದವಳು, ಎಂದು ಕರೆಯುತ್ತಾರಂತೆ. ಎಲ್ಲಕ್ಕೂ ಹಸಿಮೆಣಸಿನಕಾಯಿ ಹಾಕುತ್ತಾಳೆಂದು ಅಮ್ಮನ ದೂರು. ಮಧ್ಯಾಹ್ನ ಮಲಗುವುದಕ್ಕೆ ವಾಮಕುಕ್ಷಿ ಎನ್ನುತ್ತಾಳೆ, ಅಲ್ಲಿ ಯಾರಿಗೂ ಅರ್ಥವಾಗುವುದಿಲ್ಲ. ಕಳೆದ ಸಲ ಊರಿಗೆ ಹೋದಾಗ ನಾನು ಬೆಟಗೇರಿಯ ಮೈದಾನದ ಅಂಚಿನಲ್ಲಿ ನಿಂತಿದ್ದೆ. ಗೋಲಿನಲ್ಲಿ ಹಳೆಯ ಪ್ಯಾಡು ಕಟ್ಟಿಕೊಂಡ ಹುಡುಗಿಯೊಬ್ಬಳಿದ್ದಳು. ಪಕ್ಕದಲ್ಲಿದ್ದ ಹೆಂಗಸು, “ಯಾವೂರವರ್ರಿ ನೀವು?” ಎಂದು ಕೇಳಿದರು. ಪುಣೆಯಲ್ಲಿ ಯಾರು ಕೇಳಿದರೂ ನಾನು ಗದಗ ಎನ್ನುತ್ತೇನೆ. ಅಂದು ನನ್ನ ಬಾಯಿಂದ ಪುಣೆ ಎಂದು ಬಂತು. ಆ ಹೆಂಗಸು ಮರ್ಯಾದೆಯಿಂದ ಸರಿದು ನನಗೆ ನೆರಳಿನಲ್ಲಿ ಜಾಗ ಮಾಡಿಕೊಟ್ಟರು, ದೂರದವರಿಗೆ ಮಾಡಿಕೊಡುವಂತೆ.

ಆ ವರದಿಯ ಮೂಲಪ್ರತಿ ಉಳಿದಿಲ್ಲ. ಆದರೆ ಕತ್ತರಿಸಿದ ಸಾಲುಗಳನ್ನು ಕತ್ತರಿಸಿದವರು ಮರೆಯುವುದಿಲ್ಲ. ಮೂರನೆಯದನ್ನು ಬರೆಯುವಾಗ ಇವತ್ತಿಗೂ ನನ್ನ ಕೈ ಒಂದು ಗಳಿಗೆ ನಿಲ್ಲುತ್ತದೆ. ನಾಹೀದ್‌ಳ ಹೆಸರು ಎಂದೂ ಕೇಳಿರದ ನಮ್ಮೂರ ಓದುಗರಿಗಾಗಿ ಅವನ್ನು ಇಲ್ಲಿ ಕನ್ನಡದಲ್ಲಿ ಕೊಡುತ್ತಿದ್ದೇನೆ:

ಗೆಲುವಿನ ಶ್ರೇಯ ಇರಾನಿನ ಅಹ್ವಾಜ್‌ನಿಂದ ಬಂದು ಇಲ್ಲಿ ಓದುತ್ತಿರುವ ಗೋಲ್‌ಕೀಪರ್ ನಾಹೀದ್‌ಗೆ ಸಲ್ಲಬೇಕು.
ಕೊನೆಯ ಐದು ನಿಮಿಷಗಳಲ್ಲಿ ಅವಳು ಖಚಿತವಾದ ಮೂರು ಗೋಲುಗಳನ್ನು ತಡೆದಳು.
ಇಂಥ ಗೋಲ್‌ಕೀಪರನ್ನು ಈ ಊರು ಇದುವರೆಗೆ ನೋಡಿಲ್ಲ.