ಫೋಟೋದ ಕೆಳಗಿನ ಒಡಪು

ಬೈಲಹೊಂಗಲದ ನಮ್ಮ ಕಾಲೇಜಿನ ಲೈಬ್ರರಿಯ ಹಿಂದಿನ ಕೋಣೆಯಲ್ಲಿ ಆ ಮಧ್ಯಾಹ್ನ ಮೂವರಿದ್ದೆವು: ನಾನು, ದೊಡವಾಡದಿಂದ ದಿನಾ ಬಸ್ಸಿಗೆ ಬರುತ್ತಿದ್ದ ನನ್ನ ಗೆಳತಿ, ಮತ್ತು ಕನ್ನಡದ ಮೇಡಂ. ಬಿ.ಎ. ಕೊನೆಯ ವರ್ಷದವರ ನೆನಪಿನ ಪುಸ್ತಕ ಶನಿವಾರ ಅಚ್ಚಿಗೆ ಹೋಗುವುದಿತ್ತು. ಒಬ್ಬೊಬ್ಬರ ಫೋಟೋ, ಅದರ ಕೆಳಗೆ ಅವರವರು ಆರಿಸಿದ ಒಂದು ಮಾತು. ಮೊದಲು ಎಲ್ಲರೂ ಮೊಬೈಲಿನಿಂದ ದೊಡ್ಡ ದೊಡ್ಡವರ ಮಾತು ತೆಗೆದು ಕೊಟ್ಟಿದ್ದರು. ಒಂದೇ ಮಾತು ಎಷ್ಟೋ ಜನರ ಕೆಳಗೆ ಬಂದದ್ದನ್ನು ನೋಡಿದ ಮೇಡಂ ಅಷ್ಟನ್ನೂ ಹೊಡೆದುಹಾಕಿ, ನಿಮ್ಮ ನಿಮ್ಮ ಮನೆಯಲ್ಲಿ ಕೇಳಿದ ಮಾತನ್ನು ತನ್ನಿ ಎಂದಿದ್ದರು. ಗೆಳತಿ, ತನ್ನಪ್ಪ ಹಿಂಡುವಾಗ ಎಮ್ಮೆಯ ಜೊತೆ ಆಡುವ ಮಾತನ್ನೇ ಬರೆದುಕೊಟ್ಟಿದ್ದಳು: "ನಿಂದರ ನಮ್ಮವ್ವ, ಮುಗೀತ, ಇಷ್ಟ."

ನನ್ನ ಜಾಗ ಮಾತ್ರ ಖಾಲಿ ಇತ್ತು. ನಾನು ಆಯಿಗೆ ಕೇಳಿದ್ದೆ. ಆಯಿ ಎಂದರೆ ಅಪ್ಪನ ತಾಯಿ. ಸಾಲಹಳ್ಳಿಯ ನಮ್ಮ ಮನೆಯಲ್ಲಿ ನನ್ನನ್ನು ಎತ್ತಿ ಆಡಿಸಿದವಳು, ನನಗೆ ಮಾತು ಕಲಿಸಿದವಳು. ಓಣಿಯಲ್ಲಿ ಯಾರಿಗೆ ಒಡಪು ಬೇಕಾದರೂ ಅವಳೇ. ನಮ್ಮ ಕಡೆ ಹೆಂಗಸರು ಗಂಡನ ಹೆಸರನ್ನು ಬರಿದೇ ಹೇಳುವುದಿಲ್ಲ, ಪ್ರಾಸದ ಸಾಲಿನೊಳಗೆ ಹೆಣೆದು ಹೇಳುತ್ತಾರೆ; ಅದೇ ಒಡಪು. ಮದುವೆಯಲ್ಲಿ ಬಾಗಿಲಿಗೆ ಅಡ್ಡ ನಿಂತವರು ಮದುಮಗಳ ಬಾಯಿಂದ ಅದನ್ನು ಹೇಳಿಸದೆ ಒಳಗೆ ಬಿಡುವುದಿಲ್ಲ. ಎಷ್ಟೋ ಹುಡುಗಿಯರು ಮದುವೆಯ ಹಿಂದಿನ ದಿನ ನಮ್ಮ ಕಟ್ಟೆಗೆ ಬಂದು, ಆಯಿಯಿಂದ ಒಡಪು ಕಟ್ಟಿಸಿಕೊಂಡು, ಬಾಯಿಪಾಠ ಮಾಡಿಕೊಂಡು ಹೋಗುತ್ತಿದ್ದರು. ನನ್ನ ಫೋಟೋದ ಕೆಳಗೂ ಒಂದು ಕಟ್ಟಿಕೊಡು ಎಂದು ಅವ್ವನ ಮೊಬೈಲಿಗೆ ಮಾತು ರೆಕಾರ್ಡ್ ಮಾಡಿ ಕಳಿಸಿದ್ದೆ.

ಆ ಮಧ್ಯಾಹ್ನ ಆಯಿಯ ದನಿ ಬಂತು. ಎಲ್ಲರಿಗೂ ಕೇಳುವಂತೆ ಹಚ್ಚು ಎಂದರು ಮೇಡಂ. ಆಯಿ ಗಂಟಲು ಸರಿಮಾಡಿಕೊಂಡು ಹೇಳಿದಳು:

"ಬೆಳ್ಳಿ ಬಟ್ಟಲದಾಗ ಬೆಲ್ಲದ ಪಾನಕ,
ಬಿ.ಎ. ಓದಿ ಬಂದೇನಿ ಇಂಥವರ ಮನಿತನಕ."

ನಾನಿಲ್ಲಿ 'ಇಂಥವರ' ಎಂದು ಬರೆದಲ್ಲಿ ಆಯಿ ಒಬ್ಬ ಗಂಡಸಿನ ಹೆಸರು ಹೇಳಿದ್ದಳು.

ಗೆಳತಿ ನನ್ನ ಬೆನ್ನಿಗೊಂದು ಕೊಟ್ಟಳು. "ಯವ್ವಾ, ನಮಗೊಂದ ಮಾತ ಹೇಳಲಾರದ ಗಂಡನ್ನ ಹುಡಿಕ್ಕೊಂಡಿ?" ಮೇಡಂ ನಗಲಿಲ್ಲ. ಅವರು ನನ್ನ ಮುಖ ನೋಡುತ್ತಿದ್ದರು.

ಆ ಹೆಸರು ನನಗೆ ಗೊತ್ತಿತ್ತು. ದೀಪಾವಳಿ ರಜೆಯಲ್ಲಿ ಸವದತ್ತಿಯಿಂದ ಕಾರಿನಲ್ಲಿ ಬಂದು, ಚೂಡಾ ತಿಂದು, ನನ್ನ ಕೈಯಿಂದ ಚಹಾ ಇಸಿದುಕೊಂಡು ಕುಡಿದು ಹೋದವರ ಮನೆಯ ಹುಡುಗ. ನಾನು ಒಲ್ಲೆನೆಂದಿದ್ದೆ, ಬಿ.ಎಡ್. ಮಾಡುತ್ತೇನೆ ಎಂದಿದ್ದೆ. ಅಪ್ಪ ಆಗಲಿ ಎಂಬಂತೆ ತಲೆಯಾಡಿಸಿದ್ದ. ಅಷ್ಟಕ್ಕೇ ಮುಗಿಯಿತೆಂದು ನಾನು ನಿಶ್ಚಿಂತೆಯಿಂದ ಓದುತ್ತ ಕೂತಿದ್ದೆ.

ಹೊರಗೆ ಬಂದು ಫೋನ್ ಮಾಡಿದೆ. ಎತ್ತಿದ ಅವ್ವ ನನ್ನ ದನಿ ಕೇಳಿದ್ದೇ ಆಯಿಯ ಕೈಗೆ ಕೊಟ್ಟುಬಿಟ್ಟಳು. ಆಯಿಗೆ ಸಂಭ್ರಮ, ಒಡಪು ಹಿಡಿಸಿತೋ ಇಲ್ಲವೋ ಎಂದು ಕೇಳಿದಳು. ಅಪ್ಪ ಸವದತ್ತಿಯವರಿಗೆ ಮಾತು ಕೊಟ್ಟಿದ್ದನಂತೆ. ಪರೀಕ್ಷೆ ಮುಗಿದ ಕೂಡಲೇ ಸಕ್ಕರೆ ಹಂಚಿ ಸಂಬಂಧ ಗಟ್ಟಿ ಮಾಡುವುದು, ಅಲ್ಲಿತನಕ ನನಗೆ ಹೇಳಬಾರದು ಎಂದು ಮನೆಯವರ ಬಾಯಿ ಕಟ್ಟಿದ್ದನಂತೆ.

"ನೀನಾಗಿ ಒಡಪ ಬೇಕಂದಿ. ಯಾರೋ ಹೇಳ್ಯಾರ, ನೀನೂ ಒಪ್ಪೀದಿ ಅನಕೊಂಡ್ನೆವ್ವಾ. ಗಂಡ ಗೊತ್ತಾಗಲಾರದ ಯಾವ ಹುಡಿಗಿ ಒಡಪ ಕೇಳತಾಳ?"

ಅವಳದೇನು ತಪ್ಪು? ಹಾಗೆ ಕೇಳಿದವರು ಅವಳ ಬದುಕಿನಲ್ಲಿ ಒಬ್ಬರೂ ಇರಲಿಲ್ಲ.

ಮರುದಿನ ಬೆಳಿಗ್ಗೆ ಬಸ್ಸು ಬದಲಿಸಿ ಊರಿಗೆ ಹೋದೆ. ದಾರಿಯುದ್ದಕ್ಕೂ ಒಂದೇ ಲೆಕ್ಕ ಹಾಕುತ್ತಿದ್ದೆ. ಅಪ್ಪ ನನ್ನ ಮಾತು ಕೇಳುವುದಿಲ್ಲ. ಅವ್ವ ಅವನೆದುರು ಮಾತಾಡುವುದಿಲ್ಲ. ಅವನು ದಾಟದ ಮಾತೆಂದರೆ ಆಯಿಯದು ಒಂದೇ. ಅವಳನ್ನು ನನ್ನ ಕಡೆ ತಿರುಗಿಸಲು ಆಗದಿದ್ದರೆ ನಾನು ಮತ್ತೆ ಯಾವ ಕ್ಲಾಸಿನೊಳಗೂ ಕೂರುವ ಹಾಗಿಲ್ಲ.

ಆಯಿ ಪಡಸಾಲೆಯಲ್ಲಿ ಮೊರದಲ್ಲಿ ಜೋಳ ಹಸನು ಮಾಡುತ್ತ ಕೂತಿದ್ದಳು. ಒಳಗೆ ಅವ್ವ ರೊಟ್ಟಿ ಬಡಿಯುವ ಸಪ್ಪಳ. ಅಪ್ಪ ಯಾವುದೋ ಕೆಲಸಕ್ಕೆಂದು ರಾಮದುರ್ಗಕ್ಕೆ ಹೋಗಿದ್ದ. ನಾನು ಆಯಿಯ ಮುಂದೆ ಕೂತು, ಅಪ್ಪನಿಗೆ ಒಂದು ಮಾತು ಹೇಳು ಎಂದು ಬೇಡಿಕೊಂಡೆ. ಕೊಟ್ಟ ಮಾತು ಮಗನದು, ಅದರಲ್ಲಿ ತಾನು ಕೈ ಹಾಕಲಾರೆ ಎಂದಳು. ಹುಡುಗ ಒಳ್ಳೆಯವನಂತೆ, ಕುಡಿಯುವುದಿಲ್ಲವಂತೆ, ಹೊಲಕ್ಕೆ ನೀರಿದೆಯಂತೆ ಎಂದಳು. ನಾನು ಅತ್ತೆ. ಹಾಗಾದರೆ ನಾಳೆ ಪುಸ್ತಕ ಅಚ್ಚಿಗೆ ಹೋಗುತ್ತದೆ, ಅದಕ್ಕಾದರೂ ಅವನ ಹೆಸರಿಲ್ಲದ ಒಡಪು ಕಟ್ಟಿಕೊಡು, ಅದರಲ್ಲಿ ನನ್ನ ಹೆಸರು ಹಾಕು ಎಂದೆ.

"ನಿನ್ನ ಹೆಸರ ಹಾಕಿದ್ರ ಅದು ಒಡಪ ಹೆಂಗ ಆಗತೈತಿ ನನ ಮಗಳ? ಹೆಣ್ಣಮಗಳ ಹೆಸರ ಹೇಳಾಕ ಯಾರರ ನಾಚತಾರೇನ?"

ಹಾಗೆ ಅಂದರೂ ಅವಳು ಪ್ರಯತ್ನ ಮಾಡಿದಳು. ಮೊರವನ್ನು ಬದಿಗಿಟ್ಟು ಕಣ್ಣು ಮುಚ್ಚಿದಳು. ಹಿತ್ತಲದ ಹೀರೆಬಳ್ಳಿಯಿಂದ ಶುರು ಮಾಡಿದಳು, ನಿಂತಳು. ಕಂಚಿನ ಚರಿಗೆಯಿಂದ ಶುರು ಮಾಡಿದಳು, ನಿಂತಳು. ಮೊದಲ ಸಾಲು ಸರಾಗವಾಗಿ ಹರಿದು ಬರುತ್ತಿತ್ತು; ಎರಡನೆಯದರಲ್ಲಿ ಹೆಸರಿನ ಜಾಗ ಬಂದ ಕೂಡಲೇ ನಾಲಿಗೆ ಒಬ್ಬ ಗಂಡಸಿಗಾಗಿ ತಡಕಾಡುತ್ತಿತ್ತು. ನಿದ್ದೆಗಣ್ಣಿನಲ್ಲೂ ಒಡಪು ಕಟ್ಟುತ್ತಿದ್ದವಳು ಅವಳು. ಕೊನೆಗೆ ಸೆರಗಿನಿಂದ ಬಾಯಿ ಒರೆಸಿಕೊಂಡು, "ಬರವಲ್ದವ್ವಾ," ಎಂದಳು. ನಾನು ಅಳುವುದನ್ನು ನಿಲ್ಲಿಸಿದೆ. ಅವಳ ಮುಖ ನೋಡಿದ ಮೇಲೆ ಅಳಲು ಮನಸ್ಸಾಗಲಿಲ್ಲ.

ಸಂಜೆಗೆ ಅಪ್ಪ ಬಂದ. ನಾನು ಯಾಕೆ ಬಂದಿದ್ದೇನೆಂದು ಅವ್ವನಿಂದ ತಿಳಿದುಕೊಂಡ. ಬಯ್ಯಲಿಲ್ಲ. ಪುಸ್ತಕದಲ್ಲಿ ಬೇಕಾದ್ದು ಬರೆದುಕೋ, ಇದು ಮುಗಿದ ಮಾತು ಎಂದು ಕೈಕಾಲು ತೊಳೆಯಲು ಹೋದ. ಬೈದಿದ್ದರೆ ತಿರುಗಿ ಮಾತಾಡಬಹುದಿತ್ತು.

ಶನಿವಾರ ಗೆಳತಿ ಪೆನ್ನು ಹಿಡಿದು ಕಾಯುತ್ತಿದ್ದಳು. ಏನು ಬರೆಯಲೆಂದು ಕೇಳಿದಳು. ನನಗೆ ಗೊತ್ತಿದ್ದ ಮಾತೆಲ್ಲ ಆಯಿಯದು, ಆಯಿಯ ಹತ್ತಿರವೇ ನನಗೊಂದು ಮಾತಿರಲಿಲ್ಲ. ಎಮ್ಮೆಗೆ ಹೇಳುವುದನ್ನಾದರೂ ಹಂಚಿಕೊಳ್ಳೋಣವೆಂದು ನಗಿಸಲು ನೋಡಿದಳು. ಖಾಲಿ ಬಿಡು ಎಂದೆ. ಪುಸ್ತಕ ಬಂದಾಗ ಎಲ್ಲರ ಫೋಟೋದ ಕೆಳಗೂ ಒಂದೊಂದು ಮಾತಿತ್ತು, ನನ್ನದರ ಕೆಳಗೆ ಬಿಳಿ ಪಟ್ಟಿ. ಅಚ್ಚಿನವರು ಮರೆತರೇನೋ ಎಂದು ಬಹಳ ಜನ ಕೇಳಿದರು. ಪರೀಕ್ಷೆಯಲ್ಲಿ ಏನು ಬರೆದೆನೋ ನನಗೆ ನೆನಪಿಲ್ಲ.

ಪರೀಕ್ಷೆ ಮುಗಿದ ವಾರವೇ ಸವದತ್ತಿಯವರು ಸಕ್ಕರೆ, ಸೀರೆ ಹಿಡಿದುಕೊಂಡು ಬಂದರು. ನನ್ನನ್ನು ಮಣೆಯ ಮೇಲೆ ಕೂರಿಸಿದರು. ಸಕ್ಕರೆ ಕೊಡುವ ಮೊದಲು ಹುಡುಗನ ಅಕ್ಕ, ಹೆಸರು ಹೇಳಬೇಕು ಎಂದು ನಗುತ್ತ ತಡೆದಳು. ನಾನು ತಲೆ ತಗ್ಗಿಸಿ ಕೂತೆ. ಮತ್ತೆ ಮತ್ತೆ ಕೇಳಿದರು, ಬಾಯಿ ತೆರೆಯಲಿಲ್ಲ. ನಾಚಿಕೆ ಎಂದುಕೊಂಡು ಅವಳು ಆಯಿಯ ಕಡೆ ತಿರುಗಿದಳು. "ಆಯಾರ, ನೀವರ ಹೇಳಿಕೊಡ್ರಿ. ನಿಮ್ಮ ಒಡಪ ಸವದತ್ತಿತನಕ ಕೇಳೇವಿ."

ಕಂಬಕ್ಕೆ ಒರಗಿದ್ದ ಆಯಿ ನೆಟ್ಟಗೆ ಕೂತಳು. ಗಂಟಲು ಸರಿಮಾಡಿಕೊಂಡಳು.

"ಬೆಳ್ಳಿ ಬಟ್ಟಲದಾಗ ಬೆಲ್ಲದ ಪಾನಕ,
ನಮ್ಮ ಹುಡಿಗಿ ಓದತಾಳ ಸಾಕಾಗೂತನಕ."

'ನಮ್ಮ ಹುಡಿಗಿ' ಎಂದು ನಾನು ಬರೆದಲ್ಲಿ ಆಯಿ ನನ್ನ ಹೆಸರು ಹೇಳಿದ್ದಳು.

ಒಬ್ಬಿಬ್ಬರು ನಕ್ಕು, ಆಮೇಲೆ ನಿಲ್ಲಿಸಿದರು. ಹುಡುಗನ ಕಾಕಾ ಅಪ್ಪನನ್ನು ನೋಡಿ, ಇದರ ಅರ್ಥವೇನೆಂದು ಕೇಳಿದ. ಅಪ್ಪ ತನ್ನ ತಾಯಿಯ ಕಡೆ ನೋಡಿದ.

"ನನಗ ಬಂದದ್ದ ಇದ," ಎಂದಳು ಆಯಿ.

ಅಪ್ಪ ಒಳಗೆ ಕೂಗಿ, ಚಹಾ ತಾ ಎಂದ. ಅವರು ಚಹಾ ಕುಡಿದರು, ತಿಳಿಸುತ್ತೇವೆ ಎಂದು ಎದ್ದರು. ಸೀರೆಯನ್ನು ವಾಪಸ್ ಒಯ್ದರು. ತಿಳಿಸಲಿಲ್ಲ. ಮಳೆಗಾಲವೆಲ್ಲ ಅಪ್ಪ ಆಯಿಯ ಜೊತೆ ಊಟಕ್ಕೆ ಕೂರಲಿಲ್ಲ. ಬಿ.ಎಡ್. ಕಾಲೇಜು ಶುರುವಾದ ದಿನ, ಧಾರವಾಡದ ಬಸ್ಸಿನ ಮೇಲೆ ನನ್ನ ಟ್ರಂಕು ಇಟ್ಟು, ಹಗ್ಗ ಬಿಗಿದು, ಇಳಿದು ಹೋದ.